ಜೈಲಿಗೆ ಹೋಗದವರ ಲೆಕ್ಕ ಎಲ್ಲಿದೆ?

ಹಾಸನದ ಕಡೆ ಆಗಸ್ಟ್ ಬಂತೆಂದರೆ ಒನಕೆ ಹುಡುಕಾಟ ಶುರು. ಶಾಲೆಯ ಛದ್ಮವೇಷದಲ್ಲಿ ಒಬ್ಬ ಹುಡುಗಿ ಓಬವ್ವ ಆಗಲೇಬೇಕಲ್ಲ. ಮಿಕ್ಸಿ ಬಂದ ಮೇಲೆ ಮನೆಗಳಲ್ಲಿ ಒನಕೆ ಎಲ್ಲಿದೆ? ಇನ್ನೊಬ್ಬಳು ಕಿತ್ತೂರು ಚೆನ್ನಮ್ಮ. ಅವಳ ಕತ್ತಿ ರಟ್ಟಿನದು, ಮೇಲೆ ಬೆಳ್ಳಿ ಕಾಗದ. ಸೋನೆ ಮಳೆಗೆ ಭಾಷಣ ಮುಗಿಯುವ ಹೊತ್ತಿಗೆ ಮೆತ್ತಗಾಗಿ ತುದಿ ಬಾಗಿರುತ್ತದೆ. ಆದರೂ ಚಪ್ಪಾಳೆ ಅವಳಿಗೇ ಜಾಸ್ತಿ.

ಆದರೆ ಇವರಿಬ್ಬರೂ ನಮ್ಮ ಸೀಮೆಯವರಲ್ಲ. ಓಬವ್ವ ಚಿತ್ರದುರ್ಗದವಳು, ಕಾದಿದ್ದು ಹೈದರಾಲಿಯ ಸೈನಿಕರ ಮೇಲೆ. ಚೆನ್ನಮ್ಮ ಬೆಳಗಾವಿ ಕಡೆಯ ರಾಣಿ. 1824ರ ಅಕ್ಟೋಬರ್‌ನಲ್ಲಿ ಅವಳ ಸೈನ್ಯದ ಗುಂಡಿಗೆ ಧಾರವಾಡದ ಕಲೆಕ್ಟರ್ ಥ್ಯಾಕರೆ ಸತ್ತ. 1829ರಲ್ಲಿ ಅವಳು ಬೈಲಹೊಂಗಲದ ಸೆರೆಯಲ್ಲೇ ಕಣ್ಣು ಮುಚ್ಚಿದಳು. ‘ಬೆಳವಾಡಿ ಮಲ್ಲಮ್ಮ ನಮ್ಮವಳಲ್ವಾ?’ ಎಂದು ಚಿಕ್ಕಮಗಳೂರಿನವರು ಕೇಳಬಹುದು. ಅಲ್ಲ. ಜಾವಗಲ್ ದಾರಿಯಲ್ಲಿರುವ ನಮ್ಮ ಬೆಳವಾಡಿಯಲ್ಲಿ ಇರುವುದು ಹೊಯ್ಸಳರ ವೀರನಾರಾಯಣ ಗುಡಿ. ಶಿವಾಜಿಯ ಸೈನ್ಯವನ್ನು ತಡೆದ ಮಲ್ಲಮ್ಮನ ಬೆಳವಾಡಿ ಬೈಲಹೊಂಗಲದ ಹತ್ತಿರದ್ದು. ಹೆಸರು ಒಂದೇ, ಊರು ಬೇರೆ.

ಹಾಗಾದರೆ ಇಲ್ಲಿನ ಹೆಂಗಸರು ಏನು ಮಾಡುತ್ತಿದ್ದರು? ಇದಕ್ಕೆ ಮೊದಲು ಇಲ್ಲಿನ ಹೋರಾಟ ಎಂಥದ್ದು ಎಂದು ನೋಡಬೇಕು. ಹಾಸನ, ಚಿಕ್ಕಮಗಳೂರು ಎರಡೂ ಮೈಸೂರು ಸಂಸ್ಥಾನದೊಳಗಿದ್ದವು. ಎದುರಿಗೆ ನೇರವಾಗಿ ಬ್ರಿಟಿಷರಿಲ್ಲ, ಮಹಾರಾಜರ ಸರ್ಕಾರ. ಹಾಗಾಗಿ ಇಲ್ಲಿ ಚಳವಳಿ ಗುಡುಗಿಗಿಂತ ಜಾಸ್ತಿ ಚರಕದ ಸದ್ದಿನಲ್ಲಿ ಬಂತು. 1927ರಲ್ಲಿ ನಂದಿಬೆಟ್ಟದಲ್ಲಿ ವಿಶ್ರಾಂತಿ ಪಡೆದ ಗಾಂಧೀಜಿ ಆಗಸ್ಟ್‌ನಲ್ಲಿ ಹಾಸನ, ಚಿಕ್ಕಮಗಳೂರು ಕಡೆಗೂ ಬಂದರು. ಕೇಳಿದ್ದು ಖಾದಿಗೆ ಹಣ. ಹೋದ ಕಡೆಯೆಲ್ಲ ಹೆಂಗಸರ ಮೈಮೇಲಿನ ಒಡವೆಯನ್ನೂ ಅವರು ಸಂಕೋಚವಿಲ್ಲದೆ ಕೇಳುತ್ತಿದ್ದರು. ಗಂಡಸರು ಜೇಬಿಗೆ ಕೈ ಹಾಕಿ ಕೊಡುವುದಕ್ಕೂ ಹೆಣ್ಣೊಬ್ಬಳು ಕೈಯಿಂದ ಬಳೆ ಕಳಚಿ ಕೊಡುವುದಕ್ಕೂ ವ್ಯತ್ಯಾಸ ಇದೆ. ಬಳೆ ಕೊಟ್ಟವಳು ಮನೆಗೆ ಹೋಗಿ ಉತ್ತರವನ್ನೂ ಕೊಡಬೇಕಿತ್ತು.

1938ರ ಏಪ್ರಿಲ್‌ನಲ್ಲಿ ಮದ್ದೂರಿನ ಶಿವಪುರದಲ್ಲಿ ಧ್ವಜ ಸತ್ಯಾಗ್ರಹ. ಅಲ್ಲಿ ಬಂಧನಕ್ಕೊಳಗಾದವರಲ್ಲಿ ಬಳ್ಳಾರಿ ಸಿದ್ದಮ್ಮ ಒಬ್ಬರು. 1942ರಲ್ಲಿ ಪಕ್ಕದ ಶಿವಮೊಗ್ಗ ಜಿಲ್ಲೆಯ ಈಸೂರು ಎದ್ದು ನಿಂತಿತು. ಐವರನ್ನು ನೇಣಿಗೆ ಹಾಕಿದರು. ಶಿಕ್ಷೆಯಾದವರಲ್ಲಿ ಹೆಂಗಸರೂ ಇದ್ದರು. ಇನ್ನು 1947ರ ಆಗಸ್ಟ್ 15ಕ್ಕೆ ನಮ್ಮಲ್ಲಿ ಎಲ್ಲ ಮುಗಿಯಲೇ ಇಲ್ಲ. ದೇಶ ಬಾವುಟ ಹಾರಿಸಿದ ಮೇಲೆ ಸೆಪ್ಟೆಂಬರ್‌ನಲ್ಲಿ, ಮಹಾರಾಜರಿಂದ ಜನರ ಸರ್ಕಾರ ಕೇಳುವ ‘ಮೈಸೂರು ಚಲೋ’ ಚಳವಳಿ ಶುರುವಾಯಿತು. ಜನರ ಸರ್ಕಾರ ಬಂದಿದ್ದು ಅಕ್ಟೋಬರ್‌ನಲ್ಲಿ.

ಹೀಗೆ ಊರಾಚೆ, ತೋಟದೊಳಗೆ ಗಂಡಸರು ತಲೆಮರೆಸಿಕೊಂಡಾಗ ರಾತ್ರಿ ಅವರಿಗೆ ಮುದ್ದೆ ತಿರುವಿದವರು ಯಾರು? ಪೊಲೀಸರು ಬಂದಾಗ ಬಾಗಿಲಿಗೆ ಅಡ್ಡ ನಿಂತು ‘ಮನೇಲಿ ಇಲ್ಲ’ ಅಂದವರು ಯಾರು?

ಈ ಲೆಕ್ಕ ತಪ್ಪಿಹೋಗಿದ್ದಕ್ಕೆ ಒಂದು ಕಾರಣ ಸರ್ಕಾರಿ ಕಾಗದದಲ್ಲೇ ಇದೆ. 1972ರಲ್ಲಿ, ಸ್ವಾತಂತ್ರ್ಯದ ಬೆಳ್ಳಿಹಬ್ಬಕ್ಕೆ, ಕೇಂದ್ರ ಸರ್ಕಾರ ಹೋರಾಟಗಾರರಿಗೆ ಪಿಂಚಣಿ ತಂದಿತು. ಸಿಗಬೇಕೆಂದರೆ ಕನಿಷ್ಠ ಆರು ತಿಂಗಳು ಜೈಲಿನಲ್ಲಿದ್ದಿರಬೇಕು. ಹೆಂಗಸರಿಗೆ ಮೂರು ತಿಂಗಳು ಸಾಕು ಎಂಬ ರಿಯಾಯಿತಿ 1980ರಲ್ಲಿ ಬಂತು. ಜೈಲಿನ ದಾಖಲೆ ಬೇಕು, ಅದಿಲ್ಲದಿದ್ದರೆ ಜತೆಗೆ ಸೆರೆಯಲ್ಲಿದ್ದವರ ಪತ್ರ ಬೇಕು. ಭೂಗತನಾಗಿದ್ದವನಿಗೂ ದಾರಿಯಿತ್ತು, ಅವನ ಮೇಲೆ ವಾರಂಟೋ ಬಹುಮಾನದ ಘೋಷಣೆಯೋ ಇದ್ದರೆ. ಅವನಿಗೆ ಅನ್ನ ಹಾಕಿದವಳಿಗೆ ಕಾಲಂ ಇರಲಿಲ್ಲ. ನಿಯಮ ಮಾಡಿದವರು ಕೆಟ್ಟವರು ಅಂತಲ್ಲ. ಲೆಕ್ಕಕ್ಕೆ ಸಿಗುವುದನ್ನು ಮಾತ್ರ ಲೆಕ್ಕ ಹಾಕಿದರು, ಅಷ್ಟೆ. ಆಮೇಲೆ ನಾವು ಆ ಪಟ್ಟಿಯನ್ನೇ ಚರಿತ್ರೆ ಅಂದುಕೊಂಡೆವು.

ಅನ್ನ ಹಾಕಿದ್ದೂ ಹೋರಾಟವೇ ಎನ್ನುವುದಕ್ಕೆ ಉಮಾಬಾಯಿ ಕುಂದಾಪುರ ಸಾಕ್ಷಿ. ಹುಟ್ಟಿದ್ದು 1892ರಲ್ಲಿ, ಮಂಗಳೂರಿನಲ್ಲಿ. ಚಿಕ್ಕ ವಯಸ್ಸಿನಲ್ಲೇ ಗಂಡ ಹೋದರು. ಆ ಕಾಲದಲ್ಲಿ ವಿಧವೆ ಎಂದರೆ ಒಳಮನೆಯ ಕತ್ತಲೆ. ಇವರು ಹುಬ್ಬಳ್ಳಿಗೆ ಬಂದು ಡಾ. ಹರ್ಡೀಕರರು ಕಾಂಗ್ರೆಸ್ಸಿಗಾಗಿ ಕಟ್ಟಿದ ಸ್ವಯಂಸೇವಕರ ಪಡೆ ಹಿಂದೂಸ್ಥಾನಿ ಸೇವಾದಳದ ಮಹಿಳಾ ವಿಭಾಗ ಕಟ್ಟಿದರು. ಹೆಣ್ಣುಮಕ್ಕಳ ಶಾಲೆ ನಡೆಸಿದರು. 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನಕ್ಕೆ ನೂರಕ್ಕೂ ಹೆಚ್ಚು ಸ್ವಯಂಸೇವಕಿಯರನ್ನು ತಯಾರು ಮಾಡಿದರು. ಇದಕ್ಕಾಗಿ ಮನೆ ಮನೆ ಹತ್ತಿ ‘ನಿಮ್ಮ ಮಗಳನ್ನು ಕಳಿಸಿ’ ಎಂದು ಕೇಳಬೇಕಿತ್ತು. 1932ರಲ್ಲಿ ಯರವಾಡ ಜೈಲು. 1942ರಲ್ಲಿ ಆರೋಗ್ಯ ಸರಿಯಿರಲಿಲ್ಲ, ಬೀದಿಗಿಳಿಯಲಿಲ್ಲ. ಆದರೆ ಭೂಗತ ಕಾರ್ಯಕರ್ತರು ರಾತ್ರಿ ಹೊತ್ತು ಅವರ ಪುಟ್ಟ ಮನೆಗೆ ಬರುತ್ತಿದ್ದರು. ಊಟ ಹಾಕಿ, ಕೈಗೆ ಒಂದಿಷ್ಟು ದುಡ್ಡು ಕೊಟ್ಟು ಕಳಿಸುತ್ತಿದ್ದರು. ಯರವಾಡದ ಜೈಲುವಾಸ ದಾಖಲೆಗೆ ಬಂತು. ಈ ಊಟದ ಲೆಕ್ಕ ಯಾವ ರಿಜಿಸ್ಟರಿನಲ್ಲಿದೆ?

ಇಲ್ಲಿಂದ ಕಥೆ ನಮ್ಮ ಜಿಲ್ಲೆಯ ಕಡೆ ತಿರುಗುತ್ತದೆ. 1944ರ ಫೆಬ್ರುವರಿ 22ರಂದು ಪುಣೆಯ ಆಗಾಖಾನ್ ಅರಮನೆಯಲ್ಲಿ, ಸೆರೆಯಲ್ಲಿದ್ದಾಗಲೇ ಕಸ್ತೂರ್ಬಾ ತೀರಿಕೊಂಡರು. ಅವರ ಹೆಸರಿನಲ್ಲಿ ನಿಧಿ ಎತ್ತಿದಾಗ ಗುರಿ 75 ಲಕ್ಷ ರೂಪಾಯಿ. ಬಂದದ್ದು ಕೋಟಿಗೂ ಜಾಸ್ತಿ. ಹಳ್ಳಿಯ ಹೆಂಗಸರು, ಮಕ್ಕಳಿಗೇ ಅದು ಖರ್ಚಾಗಬೇಕು ಎಂದು ಟ್ರಸ್ಟ್ ಮಾಡಿದರು. 1946ರಲ್ಲಿ ಗಾಂಧೀಜಿ ಕರ್ನಾಟಕ ಶಾಖೆಯ ಹೊಣೆಯನ್ನು ಉಮಾಬಾಯಿಗೆ ಕೊಟ್ಟರು. ಹಳ್ಳಿ ಹುಡುಗಿಯರನ್ನು ಗ್ರಾಮಸೇವಿಕೆಯರಾಗಿ ತಯಾರು ಮಾಡುವ ಕೆಲಸ. ದುಡ್ಡು ಸಾಲದಿದ್ದಾಗ ಮತ್ತೆ ಮನೆ ಮನೆ ಅಲೆದರು.

ಟ್ರಸ್ಟಿನ ಕರ್ನಾಟಕ ಕೇಂದ್ರ ಇರುವುದು ನಮ್ಮ ಅರಸೀಕೆರೆಯಲ್ಲಿ. ಯಾಕೆ ಇಲ್ಲಿ ಎಂದು ಯೋಚಿಸಿದರೆ ನನಗೆ ಮೊದಲು ನೆನಪಾಗುವುದು ರೈಲು ಜಂಕ್ಷನ್. ಹುಬ್ಬಳ್ಳಿ, ಬೆಂಗಳೂರು, ಮೈಸೂರು ಮೂರೂ ಕಡೆಯ ಹುಡುಗಿಯೊಬ್ಬಳು ಟ್ರಂಕು ಹಿಡಿದು ಬಂದಿಳಿಯಲು ಇದಕ್ಕಿಂತ ಸಲೀಸಾದ ಊರು ಯಾವುದಿದೆ?

ಸ್ವಾತಂತ್ರ್ಯ ಬಂದ ಮೇಲೆ ಉಮಾಬಾಯಿ ಅಧಿಕಾರದ ಹತ್ತಿರ ಸುಳಿಯಲಿಲ್ಲ. ಹುಬ್ಬಳ್ಳಿಯ ಸಣ್ಣ ಮನೆಯಲ್ಲಿ ಉಳಿದರು. 1992ರಲ್ಲಿ ತೀರಿಕೊಂಡಾಗ ನೂರು ವರ್ಷ. ಇವತ್ತು ಅರಸೀಕೆರೆ ಸ್ಟೇಷನ್ನಿನ ಹೊರಗೆ ನಿಂತು ಕಸ್ತೂರ್ಬಾ ಎಂದರೆ ದಾರಿ ತೋರಿಸುತ್ತಾರೆ. ಉಮಾಬಾಯಿ ಎಂದರೆ ‘ಯಾವ ಬೀದಿಯವರು?’ ಅನ್ನುತ್ತಾರೇನೋ.