ಗಂಡು ಹೂ ಉದುರಿದ್ದಕ್ಕೆ ಔಷಧಿ ಯಾಕೆ?

ಮಳೆಗಾಲದ ಬಳ್ಳಿ ಚಪ್ಪರ ಹತ್ತಿ ಹೂ ಬಿಡಲು ಶುರುವಾದರೆ ಸಾಕು, ಶಿರಸಿಯ ನಮ್ಮ ನರ್ಸರಿಗೆ ಬರುವ ಪ್ರಶ್ನೆ ಒಂದೇ. 'ಹೂವೆಲ್ಲ ಉದುರ್ತಾ ಇದೆ, ಎಂತ ಔಷಧಿ ಹೊಡಿಬೇಕು?' ಕೆಲವರು ಕೇಳುವ ಹೊತ್ತಿಗೆ ಮನೆಯಲ್ಲಿ ಉಳಿದಿದ್ದ ಕೀಟನಾಶಕ ಹೊಡೆದೂ ಆಗಿರುತ್ತದೆ. ಅದೂ ಬೆಳಿಗ್ಗೆ, ಹೂ ಅರಳಿರುವಾಗ. ಕೇಳಿದರೆ ಸಂಕಟವಾಗುತ್ತದೆ.

ಮೊದಲು ಉದುರಿದ ಹೂವನ್ನು ಕೈಗೆತ್ತಿಕೊಂಡು ನೋಡಿ. ಬುಡದಲ್ಲಿ ಪುಟ್ಟ ಕಾಯಿ ಇದೆಯಾ? ಬರೀ ತೊಟ್ಟು ಇದ್ದರೆ ಅದು ಗಂಡು ಹೂ. ಅದು ಕಾಯಿ ಕಟ್ಟುವುದೇ ಇಲ್ಲ. ಅರಳಿ, ಪರಾಗ ಕೊಟ್ಟು, ಬಾಡಿ ಬೀಳುತ್ತದೆ. ಸಿಹಿಗುಂಬಳ, ಮೊಗೆಕಾಯಿ, ಹೀರೆ, ಹಾಗಲ ಎಲ್ಲ ಹೀಗೇ. ಒಂದೇ ಬಳ್ಳಿಯಲ್ಲಿ ಗಂಡು ಹೂ ಬೇರೆ, ಹೆಣ್ಣು ಹೂ ಬೇರೆ. ಸಾಮಾನ್ಯವಾಗಿ ಮೊದಲು ಬರುವುದು ಗಂಡು ಹೂ, ಆಮೇಲೂ ಅವೇ ಜಾಸ್ತಿ. ಮತ್ತೊಮ್ಮೆ ಹೇಳುತ್ತೇನೆ, ಗಂಡು ಹೂ ಉದುರುವುದು ರೋಗ ಅಲ್ಲ.

ಹೋದ ಮಳೆಗಾಲ ಬನವಾಸಿ ಕಡೆಯ ಅಕ್ಕ ಒಬ್ಬರು ಚೀಲದ ತುಂಬ ಸಿಹಿಗುಂಬಳದ ಹೂ ತಂದಿದ್ದರು. 'ನೋಡು ತಮಾ, ಒಂದೂ ನಿಲ್ತಾ ಇಲ್ಲೆ' ಅಂದರು. ಎಲ್ಲ ಗಂಡು ಹೂವೇ. ಆದರೆ ಚೀಲದ ತಳದಲ್ಲಿ ಹೆಬ್ಬೆರಳು ಗಾತ್ರದ ಎರಡು ಕಾಯಿ ಇದ್ದವು, ಹಳದಿಯಾಗಿ ತುದಿ ಕೊಳೆತವು. ಅವನ್ನು ಅವರು ತೋರಿಸಲೇ ಇಲ್ಲ. ನೋಡಬೇಕಾಗಿದ್ದು ಅವನ್ನೇ ಅಲ್ವಾ! ಕೊಯ್ದು ನೋಡಿದರೆ ಹುಳ ಇಲ್ಲ, ಒಳಗೆ ಬೀಜ ಒಂದೂ ಬಲಿತಿಲ್ಲ. ಪರಾಗ ಮುಟ್ಟಿರಲಿಲ್ಲ, ಅಷ್ಟೇ.

ಪರಾಗದ ಒಂದು ಕಣ ಹೆಣ್ಣು ಹೂವಿನ ನಡುವಿನ ಅಂಟು ತುದಿಗೆ ಹತ್ತಿದ ಮೇಲೆ ಅದರಿಂದ ಸಣ್ಣ ಕೊಳವೆ ಹೊರಟು ಕಾಯಿಯ ಒಳಗೆ ಇಳಿಯುತ್ತದೆ, ಬೀಜವಾಗಬೇಕಾದ ಅಂಡದವರೆಗೆ. ಅದರಲ್ಲಿ ಹೋಗುವ ಗಂಡು ಕೋಶ ಎರಡು. ಒಂದರಿಂದ ಮೊಳಕೆಯಾಗುವ ಭ್ರೂಣ, ಇನ್ನೊಂದರಿಂದ ಅದಕ್ಕೆ ಬೇಕಾದ ಆಹಾರ. ಒಂದು ಬೀಜಕ್ಕೆ ಒಂದು ಕಣ ಬೇಕೇ ಬೇಕು. ಕುಂಬಳದಲ್ಲಿ ನೂರಾರು ಬೀಜ ಇರುತ್ತವೆ, ಲೆಕ್ಕ ನೀವೇ ಹಾಕಿ. ಬೀಜ ಬೆಳೆದರೆ ಕಾಯಿ ಬೆಳೆಯುತ್ತದೆ. ಪರಾಗ ಅರೆಬರೆ ಸಿಕ್ಕರೆ ಕಾಯಿ ಸೊಟ್ಟಗಾಗುವುದುಂಟು, ತೀರಾ ಕಡಿಮೆಯಾದರೆ ಉದುರುತ್ತದೆ.

ಕುಂಬಳದ ಪರಾಗ ಗಾಳಿಗೆ ಹಾರುವಂಥದ್ದಲ್ಲ. ಮುಟ್ಟಿದರೆ ಅರಿಶಿನದ ಹಾಗೆ ಬೆರಳಿಗೆ ಮೆತ್ತಿಕೊಳ್ಳುತ್ತದೆ. ಅದನ್ನು ಒಯ್ಯಲು ತುಡುವೆ ಜೇನು, ಮಿಸ್ರಿ ಅನ್ನುವ ಚುಚ್ಚದ ಪುಟ್ಟ ಜೇನು, ದುಂಬಿ ಬೇಕು. ಆಷಾಢದ ಜಡಿಮಳೆಯಲ್ಲಿ ಅವು ಹೊರಗೆ ಬರುವುದೇ ಕಷ್ಟ. ನೆನೆದ ಪರಾಗವೂ ಕೆಡುತ್ತದೆ. ಹೊಳವಾದ ಒಂದು ಗಳಿಗೆ ನೋಡಿ ಬಂದ ನಾಲ್ಕು ಜೇನಿಗೂ ನೀವು ವಿಷ ಹೊಡೆದರೆ ಕಾಯಿ ಎಲ್ಲಿಂದ ಬರಬೇಕು?

ಕೈಯಿಂದಲೇ ಮಾಡಿ. ಬೆಳಿಗ್ಗೆ ಬೇಗ, ಅವತ್ತೇ ಅರಳಿದ ಗಂಡು ಹೂ ಕೊಯ್ದು, ಎಸಳು ಕಿತ್ತು, ನಡುವಿನ ಹಳದಿ ಕಡ್ಡಿಯನ್ನು ಹೆಣ್ಣು ಹೂವಿನ ನಡುವೆ ಸುತ್ತಲೂ ಮೆಲ್ಲಗೆ ಸವರಿ. ಒಂದೇ ಕಡೆ ಒತ್ತಿ ಬಿಡಬೇಡಿ. ಹೀರೆ ಹೂ ಅರಳುವುದು ಸಂಜೆ, ಅದಕ್ಕೆ ಸಂಜೆಯೇ ಹೋಗಿ. ನಮ್ಮಲ್ಲಿ ವೆನಿಲಾ ಬೆಳೆದವರಿಗೆ ಇದು ಹೊಸದಲ್ಲ. ದಿನಾ ಬೆಳಿಗ್ಗೆ ಕಡ್ಡಿ ಹಿಡಿದು ಒಂದೊಂದೇ ಹೂ ಮುಟ್ಟಿದವರು ನಾವು. ಆ ವಿದ್ಯೆಯನ್ನು 1841ರಲ್ಲಿ ರಿಯೂನಿಯನ್ ದ್ವೀಪದಲ್ಲಿ ಕಂಡುಕೊಂಡವನು ಎಡ್ಮಂಡ್ ಆಲ್ಬಿಯಸ್, 12 ವರ್ಷದ ಗುಲಾಮ ಹುಡುಗ. ಎಂಥ ಕಣ್ಣು ಇರಬೇಕು ಅವನದ್ದು!

ಹಾಗಂತ ಉದುರಿದ ಕಾಯಿಗೆಲ್ಲ ಇದೊಂದೇ ಕಾರಣ ಅಂತ ನಾನು ಹೇಳುತ್ತಿಲ್ಲ. ಕೊಯ್ದಾಗ ಒಳಗೆ ಹುಳ ಇದ್ದರೆ ಅದು ಹಣ್ಣುನೊಣದ ಕೆಲಸ ಇರಬಹುದು, ಅದಕ್ಕೆ ವಾಸನೆಯಿಂದ ನೊಣ ಸೆಳೆದು ಹಿಡಿಯುವ ಮೋಹಕ ಬಲೆ ಕಟ್ಟಬೇಕು. ಯೂರಿಯಾ ಜಾಸ್ತಿಯಾದರೆ ಬಳ್ಳಿ ಬರೀ ಸೊಪ್ಪಾಗಿ ಹೆಣ್ಣು ಹೂವೇ ಕಡಿಮೆಯಾಗುತ್ತದೆ. ಬಳ್ಳಿ ನೋಡದೆ ಫೋನಿನಲ್ಲಿ ಔಷಧಿ ಹೆಸರು ಕೇಳಬೇಡಿ.

ಮಾಡಹಾಗಲ ಬೆಳೆಸುವವರಿಗೆ ಇನ್ನೊಂದು ಮಾತು. ಅದರಲ್ಲಿ ಗಂಡು ಹೆಣ್ಣು ಬಳ್ಳಿಯೇ ಬೇರೆ ಬೇರೆ. ಸುಮ್ನೆ ಜಾಗ ತಿನ್ನುತ್ತದೆ ಅಂತ ಗಂಡು ಬಳ್ಳಿ ಕಿತ್ತು ಹಾಕಿ, ಮುಂದಿನ ವರ್ಷ ಕಾಯಿ ಇಲ್ಲ ಅಂತ ಬರುವವರಿದ್ದಾರೆ. ಎಂಟು ಹತ್ತು ಹೆಣ್ಣು ಬಳ್ಳಿಗೆ ಒಂದು ಗಂಡು ಬಳ್ಳಿ ಇರಲಿ. ಗೆಡ್ಡೆ ನೆಡುವಾಗಲೇ ಯಾವುದು ಯಾವುದು ಅಂತ ಗೂಟ ಹೊಡೆದು ಗುರುತು ಮಾಡಿಡಿ.