ಹಗೇವು ಅಂದರೇನು?

ಕೆಲವು ವರ್ಷಗಳ ಹಿಂದೆ ಗದಗ ಜಿಲ್ಲೆಯ ನರಗುಂದದಲ್ಲಿ ಮನೆಯೊಳಗೆ, ರಸ್ತೆಯಲ್ಲಿ ನೆಲ ಇದ್ದಕ್ಕಿದ್ದಂತೆ ಕುಸಿಯತೊಡಗಿತು. ಆಗ ಪತ್ರಿಕೆಗಳಲ್ಲಿ ಒಂದು ಹಳೆಯ ಪದ ಮತ್ತೆ ಕಾಣಿಸಿತು: ಹಗೇವು. ರೋಣ, ನವಲಗುಂದದ ಕಡೆಯ ಹಿರಿಯರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಹುಬ್ಬಳ್ಳಿಯ ಹೊಸ ಬಡಾವಣೆಗಳಲ್ಲಿ ಬೆಳೆದ ಮಕ್ಕಳಿಗೆ ಹೇಳಲೇಬೇಕು.

ಹಗೇವು ಎಂದರೆ ಕಾಳು ಕೂಡಿಡಲು ನೆಲದೊಳಗೆ ತೋಡಿದ ಗುಂಡಿ. ‘ಹಗೆ’ ಎಂದೂ ಹೇಳುತ್ತಾರೆ. ವೈರಿ ಎಂಬ ಅರ್ಥದ ಹಗೆ ಬೇರೆ, ಇದು ಬೇರೆ. ಕಣಜ, ವಾಡೆ, ಗುಮ್ಮಿ ಕೂಡ ಕಾಳು ತುಂಬಿಡುವಂಥವೇ, ಆದರೆ ಅವು ನೆಲದ ಮೇಲಿನವು.

ಹಗೇವಿನ ಆಕಾರ ಗಡಿಗೆಯದು. ಬಾಯಿ ಸಣ್ಣದು, ಒಬ್ಬ ಮನುಷ್ಯ ಇಳಿಯುವಷ್ಟು. ಒಳಗೆ ಹೊಟ್ಟೆ ಅಗಲ. ಎರಿ ಮಣ್ಣು, ಅಂದರೆ ಕಪ್ಪು ಮಣ್ಣು, ಬೇಸಿಗೆಯಲ್ಲಿ ಬಿರಿಯುತ್ತದೆ, ಮಳೆ ಬಂದರೆ ಆ ಬಿರುಕಿನಲ್ಲೇ ನೀರು ಇಳಿಯುತ್ತದೆ. ಹಾಗಾಗಿ ಗಟ್ಟಿಯಾದ ಗರಸು (ಸಣ್ಣ ಕಲ್ಲು ಬೆರೆತ ಮಣ್ಣು) ನೆಲವೇ ಬೇಕು. ತಳಕ್ಕೆ, ಸುತ್ತಲೂ ಒಣ ಹುಲ್ಲು, ಹೊಟ್ಟು ಹಾಕಿ ಚೆನ್ನಾಗಿ ಒಣಗಿದ ಹಿಂಗಾರಿ ಬಿಳಿಜೋಳ ಸುರಿಯುತ್ತಿದ್ದರು. ಮೇಲೆ ಮತ್ತೆ ಹೊಟ್ಟು. ಬಾಯಿಗೆ ಕಲ್ಲು ಮುಚ್ಚಿ, ಸಂದಿಗೆಲ್ಲ ಮಣ್ಣು ಮೆತ್ತಿದರೆ ಮುಗಿಯಿತು.

ನನಗೆ ತುಂಬಾ ಇಷ್ಟವಾಗುವುದು ಇದರ ಒಳಗಿನ ಕೆಲಸ. ಕಾಳಿಗೂ ಉಸಿರಿದೆ. ಗಾಳಿ ಆಡದ ಗುಂಡಿಯಲ್ಲಿ ಕಾಳು, ಹುಳ ಎಲ್ಲ ಸೇರಿ ಇದ್ದ ಆಮ್ಲಜನಕ ತೀರಿಸುತ್ತವೆ, ಇಂಗಾಲದ ಡೈಆಕ್ಸೈಡ್ ತುಂಬಿಕೊಳ್ಳುತ್ತದೆ. ಹುಳ ಉಸಿರು ಕಟ್ಟಿ ಸಾಯುತ್ತದೆ, ಜೋಳ ಉಳಿಯುತ್ತದೆ. ಔಷಧ ಇಲ್ಲ, ಪುಡಿ ಇಲ್ಲ. ಮಳೆ ಕೈಕೊಟ್ಟರೆ ಊಟಕ್ಕೆ ಇದೇ ಆಧಾರ. 1876–78ರ ಬರಗಾಲ ಕಂಡ ಧಾರವಾಡ ಸೀಮೆಯಲ್ಲಿ ಇದು ಸಣ್ಣ ಮಾತಲ್ಲ.

ಹುಳ ಕೊಲ್ಲುವ ಗಾಳಿ ಮನುಷ್ಯರನ್ನೂ ಕೊಲ್ಲುತ್ತದೆ. ಅದಕ್ಕೇ ಹಗೇವು ತೆಗೆದ ಕೂಡಲೇ ಯಾರೂ ಇಳಿಯುತ್ತಿರಲಿಲ್ಲ. ಬಾಯಿ ತೆರೆದು ಸಾಕಷ್ಟು ಹೊತ್ತು ಬಿಡಬೇಕು. ಆಮೇಲೆ ಹಗ್ಗಕ್ಕೆ ಕಂದೀಲು ಕಟ್ಟಿ ಇಳಿಬಿಡಬೇಕು. ದೀಪ ಆರಿದರೆ ಇನ್ನೂ ಕಾಯಬೇಕು. ಈ ಎಚ್ಚರ ತಪ್ಪಿ ಜೀವ ಕಳೆದುಕೊಂಡವರೂ ಇದ್ದಾರೆ. ಗೋಡೆಗೆ ತಾಗಿದ ಜೋಳ ತೇವ ಹಿಡಿದು ಮುಗ್ಗುತ್ತಿತ್ತು, ಅದನ್ನು ಬೇರೆ ತೆಗೆಯುತ್ತಿದ್ದರು. ಬೀಜದ ಜೋಳವನ್ನಂತೂ ಇಲ್ಲಿ ಇಡುತ್ತಿರಲಿಲ್ಲ, ಮೊಳಕೆಯ ಶಕ್ತಿ ಹೋಗುತ್ತದೆ. ಅದಕ್ಕೆ ಬೂದಿ ಬೆರೆಸಿ ಮನೆಯೊಳಗೇ ಜೋಪಾನ.

ಈಗ ಫಸಲು ಚೀಲದಲ್ಲಿ ತುಂಬಿ ಸೀದಾ ಎಪಿಎಂಸಿಗೆ ಹೋಗುತ್ತದೆ. ಹಾವೇರಿ ಕಡೆ ಗೋವಿನಜೋಳವೇ (ಮೆಕ್ಕೆಜೋಳ) ಜಾಸ್ತಿ, ಅದು ಮಾರಲೆಂದೇ ಬೆಳೆಯುವ ಬೆಳೆ. ವರ್ಷದ ಜೋಳ ಕೂಡಿಡುವ ಮನೆಗಳು ಕಡಿಮೆಯಾದವು, ಹಗೇವುಗಳ ಬಾಯಿ ಮುಚ್ಚಿತು. ಆದರೆ ಎಷ್ಟೋ ಕಡೆ ಮುಚ್ಚಿದ್ದು ಬಾಯಿ ಮಾತ್ರ, ಹೊಟ್ಟೆ ಟೊಳ್ಳಾಗಿಯೇ ಉಳಿಯಿತು. ಮೇಲೆ ಮನೆ ಬಂತು, ಸಿಮೆಂಟ್ ರಸ್ತೆ ಬಂತು. ನೀರು ಇಳಿದು ಮಣ್ಣು ಸಡಿಲಾದಾಗ ನೆಲ ಜಗ್ಗುತ್ತದೆ.

ಹಾಗಾಗಿ ಈ ಪದವನ್ನು ಸುಮ್ನೆ ನಿಘಂಟಿಗೆ ಬಿಟ್ಟು ಕೂರುವಂತಿಲ್ಲ. ಹಳೆಯ ಓಣಿಯಲ್ಲಿ ಜಾಗ ಕೊಳ್ಳುವಾಗ, ಪಾಯ ತೆಗೆಯುವ ಮುಂಚೆ, ಅಕ್ಕಪಕ್ಕದ ಹಿರಿಯರನ್ನು ಕೇಳಿ: “ಅಜ್ಜಾರ, ಇಲ್ಲೆ ಹಗೇವು ಇದ್ವೇನ್ರಿ?” ಇದ್ದವು ಎಂದರೆ ಅಗೆಸಿ, ತಳದಿಂದ ಕಲ್ಲು ಗರಸು ತುಂಬಿ ಬಡಿಸಿ, ಆಮೇಲೆ ಕಟ್ಟಿ.