ಒಬೊಲೆನ್ಸ್ಕಿಯನ್ನು ಜರ್ಮನ್ನರು ಹೊಡೆದುರುಳಿಸಿದರೇ?

ಓದುಗರ ಪ್ರಶ್ನೆ: ಇಂಗ್ಲೆಂಡಿಗೆ ರಗ್ಬಿ ಆಡಿದ ರಷ್ಯಾದ ರಾಜಕುಮಾರ ಅಲೆಕ್ಸಾಂಡರ್ ಒಬೊಲೆನ್ಸ್ಕಿ ಬ್ರಿಟನ್ ಕದನದಲ್ಲಿ ಜರ್ಮನ್ ವಿಮಾನಗಳ ಜತೆ ಕಾದಾಡುತ್ತ ಸತ್ತನೆಂದು ಓದಿದ್ದೆ. ನಿಜವೇ?

ಉತ್ತರ: ಅಲ್ಲ. ಬ್ರಿಟನ್ ಕದನ ಎಂದರೆ ಬ್ರಿಟನ್ನಿನ ಆಕಾಶದಲ್ಲಿ ಜರ್ಮನ್ ವಾಯುಪಡೆಯ ಜತೆ ನಡೆದ ಹೋರಾಟ. ಅದರ ಲೆಕ್ಕ ಶುರುವಾಗುವುದು 1940ರ ಜುಲೈ 10ರಿಂದ. ಒಬೊಲೆನ್ಸ್ಕಿ ಸತ್ತದ್ದು ಅದಕ್ಕೂ ಮೂರು ತಿಂಗಳು ಮೊದಲು, ಮಾರ್ಚ್ 29ರಂದು, ಸಫೋಕ್‌ನ ಮಾರ್ಟ್ಲ್‌ಶಮ್ ಹೀತ್ ವಿಮಾನನೆಲೆಯಲ್ಲಿ. ತರಬೇತಿ ಹಾರಾಟ ಮುಗಿಸಿ ಇಳಿಯುವಾಗ ಅವನ ಹಾಕರ್ ಹರಿಕೇನ್ ಯುದ್ಧವಿಮಾನ ಇಳಿದಾಣದ ತುದಿ ದಾಟಿ ಆಚೆಯ ಕೊರಕಲಿಗೆ ಬಿತ್ತು. ಕತ್ತು ಮುರಿಯಿತು. ವಯಸ್ಸು 24. ಎರಡನೇ ಮಹಾಯುದ್ಧದಲ್ಲಿ ಮಡಿದ ಇಂಗ್ಲೆಂಡ್ ತಂಡದ 14 ರಗ್ಬಿ ಆಟಗಾರರಲ್ಲಿ ಅವನೇ ಮೊದಲಿಗ.

ಹುಟ್ಟಿದ್ದು 1916ರಲ್ಲಿ, ಪೆಟ್ರೊಗ್ರಾಡ್‌ನಲ್ಲಿ. ತಂದೆ ಝಾರ್ ದೊರೆಯ ಅಶ್ವದಳದ ಅಧಿಕಾರಿ. 1917ರ ಕ್ರಾಂತಿಯ ನಂತರ ಕುಟುಂಬ ದೇಶ ಬಿಟ್ಟು ಲಂಡನ್ನಿನ ಮಸ್‌ವೆಲ್ ಹಿಲ್‌ನಲ್ಲಿ ನೆಲೆಸಿತು. ‘ರಾಜಕುಮಾರ’ ಎಂದರೆ ಪಟ್ಟಕ್ಕೆ ಬಾಧ್ಯಸ್ಥನಲ್ಲ. ಹಿಂದೆ ರಷ್ಯಾವನ್ನು ಆಳಿದ ರೂರಿಕ್ ವಂಶದಿಂದ ಬಂದ ಹಳೆಯ ಮನೆತನದ ಬಿರುದು ಅಷ್ಟೆ. ಡರ್ಬಿಶೈರ್‌ನ ಟ್ರೆಂಟ್ ಕಾಲೇಜಿನಲ್ಲೂ ಆಮೇಲೆ ಆಕ್ಸ್‌ಫರ್ಡ್‌ನ ಬ್ರೇಸ್‌ನೋಸ್ ಕಾಲೇಜಿನಲ್ಲೂ ಓದು. ಓದಿಗಿಂತ ಓಟವೇ ಜೋರು.

ಹೆಸರು ತಂದುಕೊಟ್ಟದ್ದು ಒಂದೇ ಮಧ್ಯಾಹ್ನ. 1936ರ ಜನವರಿ 4, ಲಂಡನ್ನಿನ ಟ್ವಿಕನಮ್ ರಗ್ಬಿ ಮೈದಾನ, ಎದುರಾಳಿ ನ್ಯೂಝಿಲೆಂಡ್. ಅದು ಅವನ ಮೊದಲ ಅಂತರರಾಷ್ಟ್ರೀಯ ಪಂದ್ಯ. ಮೊದಲ ಟ್ರೈ (ಚೆಂಡನ್ನು ಎದುರಾಳಿಯ ಗೆರೆಯಾಚೆ ನೆಲಕ್ಕೆ ಊರುವುದು) ಅವನಂಥ ಬಲ ವಿಂಗ್ (ಬಲ ಅಂಚಿನ) ಆಟಗಾರ ಮಾಡಬೇಕಾದದ್ದೇ: ಎದುರಾಳಿಯ ಕೊನೆಯ ರಕ್ಷಣೆಗಾರನಾದ ಫುಲ್‌ಬ್ಯಾಕ್‌ನನ್ನು ಹೊರಬದಿಯಿಂದ ಸುತ್ತಿಕೊಂಡು ಓಡಿದ. ಜನ ಇಂದಿಗೂ ಮಾತಾಡುವುದು ಎರಡನೆಯದರ ಬಗ್ಗೆ. ಬಲಬದಿಯಲ್ಲಿ ಚೆಂಡು ಸಿಕ್ಕಿತು. ರಕ್ಷಣೆಗಾರರೆಲ್ಲ ಅವನ ಹೊರದಾರಿಯನ್ನು ಕಟ್ಟಲು ಅತ್ತ ಧಾವಿಸುತ್ತಿದ್ದರು. ಅವನು ಥಟ್ಟನೆ ಒಳಕ್ಕೆ ತಿರುಗಿ, ಮೈದಾನಕ್ಕೇ ಅಡ್ಡಹಾಯ್ದು, ಎಡ ಮೂಲೆಯ ಕಡೆ ಗೆರೆ ದಾಟಿದ. ಒಂದು ದಿಕ್ಕಿಗೆ ಪೂರ್ತಿ ವೇಗದಲ್ಲಿ ಓಡುತ್ತಿರುವವರಿಗೆ ಅಷ್ಟರಲ್ಲಿ ಹಿಂದಿರುಗಲು ಆಗುವುದಿಲ್ಲ, ಗುಟ್ಟು ಅಷ್ಟೇ. ಆಗ ಒಂದು ಟ್ರೈಗೆ 3 ಅಂಕ, ಡ್ರಾಪ್ ಗೋಲ್‌ಗೆ (ಚೆಂಡನ್ನು ನೆಲಕ್ಕೆ ಬಿಟ್ಟು ಪುಟಿಯುವಾಗ ಕಂಬಗಳ ನಡುವೆ ಒದೆಯುವುದು) 4. ಇಂಗ್ಲೆಂಡಿನ ಮೂರು ಟ್ರೈ, ಒಂದು ಡ್ರಾಪ್ ಗೋಲ್ ಸೇರಿ 13-0. ನ್ಯೂಝಿಲೆಂಡ್ ವಿರುದ್ಧ ಇಂಗ್ಲೆಂಡ್ ಗೆದ್ದದ್ದು ಅದೇ ಮೊದಲು. ಟ್ವಿಕನಮ್‌ನಲ್ಲಿ ಇನ್ನೊಂದು ಗೆಲುವಿಗೆ 1983ರವರೆಗೆ ಕಾಯಬೇಕಾಯಿತು.

ಮುಂದೆ ಅವನು ಪೈಲಟ್ ಆಗಿ ವಾಯುಪಡೆಯ 504ನೇ ಸ್ಕ್ವಾಡ್ರನ್ ಸೇರಿದ. ಅವರ ಕೈಯಲ್ಲಿದ್ದದ್ದು ಹರಿಕೇನ್: ಸುಮಾರು 1,000 ಅಶ್ವಶಕ್ತಿಯ ಮರ್ಲಿನ್ ಎಂಜಿನ್, ಎಂಟು ಮೆಷಿನ್‌ಗನ್, ತೂಕ ಹತ್ತಿರ ಹತ್ತಿರ 3 ಟನ್. ಸ್ಪಿಟ್‌ಫೈರ್‌ಗಿಂತ ಇದರ ಗಾಲಿಗಳ ನಡುವಿನ ಅಂತರ ಹೆಚ್ಚು, ಇಳಿಸುವುದು ಸುಲಭ ಎಂಬ ಹೆಸರಿತ್ತು. ಸುಲಭ ಎಂಬುದು ಹೋಲಿಕೆಯ ಮಾತು.

ಇಳಿಯುವಾಗ ಪೈಲಟ್‌ಗೆ ಏನೆಲ್ಲ ಕೆಲಸ ನೋಡಿ. ಬಲಗೈ ಕಂಟ್ರೋಲ್ ಕೋಲಿನ ಮೇಲೆ, ಎಡಗೈ ಥ್ರಾಟಲ್ (ಎಂಜಿನ್ ಬಲ ಹೆಚ್ಚುಕಡಿಮೆ ಮಾಡುವ ಹಿಡಿ) ಮೇಲೆ. ಗಾಲಿ ಮತ್ತು ಫ್ಲ್ಯಾಪ್ (ಇಳಿಯುವಾಗ ಕೆಳಬಾಗಿಸುವ ರೆಕ್ಕೆಯ ಹಿಂದಿನ ಪಟ್ಟಿ) ಎರಡಕ್ಕೂ ಒಂದೇ ಸನ್ನೆಕೋಲು, ಅದೂ ಬಲಗಡೆ. ಹಾಗಾಗಿ ನೆಲ ಹತ್ತಿರವಿರುವಾಗಲೇ ಕೈ ಬದಲಿಸಬೇಕು: ಎಡಗೈಗೆ ಕಂಟ್ರೋಲ್ ಕೋಲು, ಬಲಗೈಗೆ ಸನ್ನೆಕೋಲು. ಗಾಲಿ ಇಳಿದು ಬೀಗ ಬಿದ್ದದ್ದು ಖಾತ್ರಿಯಾದ ಮೇಲೆ ಫ್ಲ್ಯಾಪ್. ಉದ್ದನೆಯ ಮೂತಿ ಮುಂದಿನ ನೋಟವನ್ನು ಮರೆಮಾಡುವುದರಿಂದ ನೇರ ಬರದೆ ಬಾಗುತ್ತ ಬಂದು ಕೊನೆಗಳಿಗೆಯಲ್ಲಿ ನೆಟ್ಟಗಾಗಬೇಕು.

ಎಡವುವುದು ಹೆಚ್ಚಾಗಿ ವೇಗದಲ್ಲಿ. ಗಂಟೆಗೆ ಸುಮಾರು 90 ಮೈಲಿ ಎಂದರೆ ಸೆಕೆಂಡಿಗೆ 40 ಮೀಟರ್. ಇದಕ್ಕಿಂತ ತುಸು ಜಾಸ್ತಿ ವೇಗದಲ್ಲಿ ಬಂದರೆ ರೆಕ್ಕೆಗಳು ವಿಮಾನವನ್ನು ಕೂರಲು ಬಿಡವು. ಅದು ಹುಲ್ಲಿನ ಮೇಲೆ ತೇಲುತ್ತ ಹೋಗುತ್ತದೆ. ಹೀಗೆ ಐದು ಸೆಕೆಂಡ್ ತೇಲಿದರೆ 200 ಮೀಟರ್ ನೆಲ ಹೋಯಿತು. ಉಳಿದ ಜಾಗದಲ್ಲಿ ಬ್ರೇಕ್ ಅದುಮೋಣವೆಂದರೆ ಬಾಲಗಾಲಿಯ ವಿಮಾನ ಮೂತಿ ಊರಿ ಮಗುಚುವ ಭಯ. ಒದ್ದೆ ಹುಲ್ಲಾದರೆ ಬ್ರೇಕ್ ಹಿಡಿಯುವುದೇ ಇಲ್ಲ. ಥ್ರಾಟಲ್ ಕೊಟ್ಟು ಮತ್ತೆ ಏರುವುದೇ ಒಳ್ಳೆಯ ದಾರಿ, ಆದರೆ ಅದನ್ನು ಮೊದಲರ್ಧದಲ್ಲೇ ತೀರ್ಮಾನಿಸಬೇಕು. ಫ್ಲ್ಯಾಪ್ ಪೂರ್ತಿ ಇಳಿದಿರುವ ವಿಮಾನ ನಿಧಾನವಾಗಿ ಏರುತ್ತದೆ. ಎಲ್ಲ ತಪ್ಪಿ ತುದಿ ದಾಟಿದರೂ ಮುಂದೆ ಬಯಲಿದ್ದರೆ ಮುರಿದ ಪ್ರೊಪೆಲರ್‌ನಲ್ಲಿ ಮುಗಿಯುವ ಕತೆ. ಕೊರಕಲಿದ್ದರೆ ಅದೇ ತಪ್ಪು ಜೀವ ತೆಗೆಯುತ್ತದೆ.

ಇದು ಅಪರೂಪದ ಸಾವೂ ಅಲ್ಲ. ಯುದ್ಧದಲ್ಲಿ ಸತ್ತ ಬ್ರಿಟನ್ನಿನ ಬಾಂಬ್ ದಾಳಿ ವಿಮಾನಗಳ ವಿಭಾಗವಾದ ಬಾಂಬರ್ ಕಮಾಂಡ್‌ನ ಸುಮಾರು 55,500 ವಿಮಾನಸಿಬ್ಬಂದಿಯಲ್ಲಿ ಸುಮಾರು 8,000 ಮಂದಿ ಹೋದದ್ದು ಇಂಥ ಅಪಘಾತಗಳಲ್ಲೇ. ಸ್ಮಾರಕ ಫಲಕಗಳು ಮಾತ್ರ ಈ ವ್ಯತ್ಯಾಸ ಹೇಳುವುದಿಲ್ಲ, ಹಾಗಾಗಿ ‘ಕದನದಲ್ಲಿ ಮಡಿದ’ ಎಂಬ ಮಾತು ಸುಲಭವಾಗಿ ಹುಟ್ಟಿಕೊಳ್ಳುತ್ತದೆ.

ಒಬೊಲೆನ್ಸ್ಕಿಯ ಸಮಾಧಿ ಇಪ್ಸ್‌ವಿಚ್‌ನಲ್ಲಿದೆ. ಅದೇ ಊರಿನ ಕ್ರಾಮ್‌ವೆಲ್ ಚೌಕದಲ್ಲಿ 2009ರಲ್ಲಿ ಪ್ರತಿಮೆಯೂ ಬಂತು. ಅವನ ಬಗ್ಗೆ ಇನ್ನೊಂದು ಸಂಖ್ಯೆಯೂ ಕಿವಿಗೆ ಬಿದ್ದಿರಬಹುದು: ಬ್ರೆಝಿಲ್ ವಿರುದ್ಧ ಒಂದೇ ಪಂದ್ಯದಲ್ಲಿ 17 ಟ್ರೈ. ಅದು 1936ರ ದಕ್ಷಿಣ ಅಮೆರಿಕ ಪ್ರವಾಸದ್ದು, ಇಂಗ್ಲೆಂಡ್ ಖಾತೆಗೆ ಸೇರದು. ಇಂಗ್ಲೆಂಡ್ ಪರ ಅವನ ಲೆಕ್ಕ 4 ಪಂದ್ಯ, 2 ಟ್ರೈ. ಎರಡೂ ಆ ಜನವರಿ 4ರವು.